ದೇವಪುತ್ರನಿಗೆ ಹೊಗೆಯೂಟ

ಹಿಂದೆ ಗ್ರೀಸ್ ದೇಶದ ಬೆಟ್ಟದೂರೊಂದಕ್ಕೆ ಸಿಂಹ ಕೊಂದ ವೀರ ಡೋರಿಯಸ್ ಬಂದ. ಮೆಲಿತ್ತಾ ಎಂಬ ಮುದುಕಿಯ ಅಂಗಳದಲ್ಲಿ ನಿಂತು ಗುಡುಗಿದ:

"ನಾನು ದೇವರಾಜ ಜೀಯಸ್‌ನ ಮಗ. ಅಪ್ಪನಿಗೆ ಕೊಡುವ ಹಾಗೆ ನನಗೂ ಎತ್ತಿನ ಬಲಿ ಕೊಡು!"

ಮುದುಕಿಗಿದ್ದದ್ದು ಒಂದೇ ಎತ್ತು. ಅದು ಹೋದರೆ ಉಳುಮೆಯೂ ಹೋಯಿತು.

"ಆಗಲಪ್ಪಾ. ಆದರೆ ಬಲಿಯ ಮಾಂಸ ತಿನ್ನೋದು ನಾವು, ನಿಮ್ಮಪ್ಪ ಮುಟ್ಟೋದೇ ಇಲ್ಲ. ಮೂಳೆ ಸುಟ್ಟ ಹೊಗೆ ಸಾಕು ಅವನಿಗೆ. ಮೂಳೆ ಮನೇಲೇ ಇದೆ, ಎತ್ತು ಯಾಕೆ?" ಎಂದವಳೇ ಹಳೇ ಮೂಳೆಗಳನ್ನು ಬೆಂಕಿಗೆ ಹಾಕಿದಳು. ವೀರನನ್ನು ಹೊಗೆಗೆ ಎದುರಾಗಿ ಕೂರಿಸಿ ಭಕ್ತಿಯಿಂದ ಕೈಮುಗಿದಳು.

ವೀರ ಕೆಮ್ಮಿದ. ಕಣ್ಣಲ್ಲಿ ನೀರು ಸುರಿಯಿತು. ಹೊಟ್ಟೆ ಗುರ್ರೆಂದಿತು. ಕೊನೆಗೆ ಮೆಲ್ಲಗೆ ಅಂದ, "ಅಜ್ಜೀ, ನನ್ನಮ್ಮ ಮನುಷ್ಯಳೇ."

"ಅದನ್ನು ಮೊದಲೇ ಹೇಳಬಾರದೇನೋ? ಬಾ ಒಳಗೆ."

ಬಿಸಿ ಬೇಳೆಗಂಜಿ ಬಡಿಸಿ, ರೊಟ್ಟಿ ಮುರಿದುಕೊಟ್ಟು ಕೇಳಿದಳು, "ಅಮ್ಮನ ಹೆಸರೇನಪ್ಪಾ?"

ವೀರ ರೊಟ್ಟಿ ಕೆಳಗಿಟ್ಟು ಅಜ್ಜಿಯತ್ತ ನೋಡಿದ. ಹೋದ ಊರಲ್ಲೆಲ್ಲ ಜನ ಅವನ ಅಪ್ಪನ ಹೆಸರಿಗೆ ಬಗ್ಗಿದ್ದರು. ಅಮ್ಮನನ್ನು ಯಾರೂ ವಿಚಾರಿಸಿರಲಿಲ್ಲ.

"ಫಿಲಿನ್ನಾ," ಎಂದ. "ಅವಳ ಕೈಯ ಗಂಜಿ ಇದಕ್ಕಿಂತ ರುಚಿ, ಅಜ್ಜೀ."

"ಇರಲೇಬೇಕಲ್ಲ," ಎನ್ನುತ್ತ ಅಜ್ಜಿ ಇನ್ನೊಂದು ಸೌಟು ಬಡಿಸಿದಳು.