ಕಾಲು ತೊಳೆಯದ ನೆಂಟ

ದಡದಲ್ಲಿ ನಿಂತು ಕಣ್ಣು ಕಿರಿದು ಮಾಡಿ ನೋಡಿದರೆ ಮಾತ್ರ ಕಾಣುವಷ್ಟು ದೂರದಲ್ಲಿ, ಕಡಲಿನ ನಡುವೆ, ಹೊನ್ನೆದಿಬ್ಬ ಎಂಬ ಪುಟ್ಟ ನಡುಗಡ್ಡೆ ಇತ್ತು. ಅಲ್ಲಿ ಮನುಷ್ಯರಿರಲಿಲ್ಲ. ಹಾಗೆಂದು ಜಗಳವೇ ಇರಲಿಲ್ಲ ಅಂದುಕೊಳ್ಳಬೇಡಿ ಮಕ್ಕಳೇ. ಇತ್ತು, ಆದರೆ ಬೆಳಿಗ್ಗೆ ಹುಟ್ಟಿದ ಜಗಳ ಸಂಜೆಯೊಳಗೆ ಮುಗಿಯುತ್ತಿತ್ತು.

ದಿಬ್ಬದ ನೆತ್ತಿಯಲ್ಲಿ ಒಂದು ದೊಡ್ಡ ಸುರಹೊನ್ನೆ ಮರ. ಅದರ ಕೆಳಗೆ ಕೇದಗೆಯ ಪೊದೆ. ಅಲ್ಲಿಂದ ನೀರಿನವರೆಗೂ ಮರಳು. ಮರಳಿನ ಮೇಲೆ ನೇರಳೆ ಹೂ ಬಿಡುವ ಅಡುಂಬು ಬಳ್ಳಿ, ನಡುನಡುವೆ ರಾವಣನ ಮೀಸೆ. ಹೆಸರು ಕೇಳಿ ನಗಬೇಡಿ, ಅದೊಂದು ಹುಲ್ಲು. ಮುಟ್ಟಿದರೆ ಸೂಜಿಯಂತೆ ಚುಚ್ಚುತ್ತದೆ. ನೋಡಲು ಇವು ಅಂಥ ಚೆಂದವೇನಲ್ಲ. ಆದರೆ ಅಡುಂಬು ಬಳ್ಳಿ ಗೆಣ್ಣುಗೆಣ್ಣಿಗೂ ಬೇರು ಬಿಟ್ಟು ಮರಳನ್ನು ಅವುಚಿ ಹಿಡಿದಿತ್ತು. ಎಂಥ ಅಲೆ ಬಂದರೂ ಹೊನ್ನೆದಿಬ್ಬ ಅಲ್ಲಾಡುತ್ತಿರಲಿಲ್ಲ.

ದಿಬ್ಬದ ತುದಿಯಲ್ಲಿ ಒಂದು ಹಾಸುಗಲ್ಲು, ಅದರ ಮಧ್ಯೆ ಒಂದು ಹೊಂಡ. ಪ್ರತಿ ಉಬ್ಬರಕ್ಕೂ ಅದರಲ್ಲಿ ಹೊಸ ಉಪ್ಪುನೀರು ತುಂಬುತ್ತಿತ್ತು. ದಡದಿಂದ ಯಾರೇ ಬಂದರೂ ಮೊದಲು ಆ ಕಲ್ಲಿನ ಮೇಲೆ ಇಳಿಯಬೇಕು, ಹೊಂಡದಲ್ಲಿ ಕಾಲು ತೊಳೆಯಬೇಕು, ಗರಿ ಕೊಡವಬೇಕು, ಆಮೇಲೆಯೇ ಮರಳಿಗೆ ಕಾಲಿಡಬೇಕು. ದಡದ ಕೆಸರಿನಲ್ಲಿ ಯಾವ ಯಾವ ಬೀಜವಿರುತ್ತದೋ ಯಾರು ಬಲ್ಲರು? ಅದಕ್ಕೇ ಹಿಂದಿನವರು ಈ ಪದ್ಧತಿ ಮಾಡಿದ್ದರು.

ಆ ಹೊಂಡದ ಕಾವಲು ಮುತ್ತಿಯದು. ಮುತ್ತಿ ಎಂದರೆ ಬೆನ್ನ ಮೇಲೆ ಶಂಖ ಹೊತ್ತು ತಿರುಗುವ ಏಡಿ. ಮೊದಲು ಆ ಕೆಲಸ ಅವಳ ಅಜ್ಜಿಯದಾಗಿತ್ತು. ಅಜ್ಜಿ ತೀರಿಕೊಳ್ಳುವ ಮುಂಚೆ ಕಾವಲಿನ ಜೊತೆಗೆ ತನ್ನ ಶಂಖವನ್ನೂ ಮೊಮ್ಮಗಳಿಗೆ ಕೊಟ್ಟಿದ್ದಳು. ಶಂಖ ಮುತ್ತಿಗೆ ತುಸು ದೊಡ್ಡದು. ನಡೆದರೆ ಒಳಗೆ ಲೊಡಲೊಡ ಅನ್ನುತ್ತಿತ್ತು. ನಾಚಿಕೆಯಾದಾಗಲಂತೂ ಅವಳು ಅದರ ತಳಕ್ಕೇ ಜಾರಿ ಕೂತುಬಿಡುತ್ತಿದ್ದಳು.

ಮುತ್ತಿ ಕೆಲಸದಲ್ಲಿ ಚುರುಕು. ದಿನಾ ದಡಕ್ಕೆ ಹೋಗಿ ಬರುವ ಕಡಲಕ್ಕಿ ಪಾರಿಯನ್ನು ಕೇಳಿ ನೋಡಿ.

"ನಿನ್ನೆಯಷ್ಟೇ ತೊಳೆದಿದ್ದೆನಲ್ಲ ಮಾರಾಯ್ತಿ!" ಎಂದು ಪಾರಿ ಗೊಣಗುವಳು.

"ನಿನ್ನೆ ತೊಳೆದದ್ದು ನಿನ್ನೆಗಾಯಿತು. ಬೆರಳ ಸಂದಿಯನ್ನೂ ತೊಳಿ. ಆ ಎಡಗಾಲು ಸರಿಯಾಗಲಿಲ್ಲ, ಇನ್ನೊಂದು ಸಲ!" ಎನ್ನುವಳು ಮುತ್ತಿ.

ಸರಿಕರ ಮುಂದೆ ಇಷ್ಟು ಬಾಯಿ. ಆದರೆ ಮುತ್ತಿಗೆ ಒಂದು ದೌರ್ಬಲ್ಯವಿತ್ತು. ಸ್ವಲ್ಪ ದೊಡ್ಡವರು, ಗತ್ತಿನವರು ಬಂದರೆ ಸಾಕು, ದಾಕ್ಷಿಣ್ಯ ಅವಳ ಗಂಟಲು ಹಿಡಿಯುತ್ತಿತ್ತು. ಹೇಳಬೇಕಾದ ಮಾತು ಬಾಯಿಯವರೆಗೆ ಬಂದು ವಾಪಸು ಹೋಗುತ್ತಿತ್ತು.

ಮಳೆಗಾಲಕ್ಕೆ ಇನ್ನೇನು ಸ್ವಲ್ಪವೇ ದಿನ ಇರುವಾಗ, ಒಂದು ಬೆಳಿಗ್ಗೆ ದಡದಿಂದ ಕೊಕ್ಕರೆ ರಾಯರು ಬಂದಿಳಿದರು. ಉದ್ದನೆಯ ಕಾಲು, ಹಳದಿ ಕೊಕ್ಕು, ಬೆನ್ನಿನ ಕೊನೆಯಲ್ಲಿ ಗುಲಾಬಿ ಗರಿ. ಇಂಥ ನೆಂಟರು ಹೊನ್ನೆದಿಬ್ಬಕ್ಕೆ ಬಂದದ್ದೇ ಇಲ್ಲ. ಮೊಣಕಾಲಿನವರೆಗೆ ಗದ್ದೆಯ ಕೆಸರು ಒಣಗಿ ಅಂಟಿತ್ತು. ಕೆಸರಿನಲ್ಲಿ ಪುಟ್ಟ ಪುಟ್ಟ ಮುಳ್ಳುಕಾಯಿಗಳು ಕಚ್ಚಿಕೊಂಡಿದ್ದವು.

ರಾಯರು ಹೊಂಡದ ಪಕ್ಕ ನಿಂತರು. ಒಂದು ಕಾಲೆತ್ತಿದರು. ನೀರನ್ನು ನೋಡಿದರು. ಮುತ್ತಿಯನ್ನು ನೋಡಿದರು.

ಮುತ್ತಿಯ ಎದೆ ಡವಡವ ಎಂದಿತು. "ಅಯ್ಯೋ, ಇಷ್ಟು ದೊಡ್ಡವರಿಗೆ ಕಾಲು ತೊಳಿ ಅಂತ ಹೇಗೆ ಹೇಳುವುದು? ನಮ್ಮ ಕಾಲು ಕೊಳಕು ಅಂದಳು ಅಂತ ಬೇಸರ ಮಾಡಿಕೊಂಡರೆ?" ಎಂದುಕೊಂಡಳು.

"ಬೇಡ ಬೇಡ ರಾಯರೇ," ಎಂದುಬಿಟ್ಟಳು. "ಅದೆಲ್ಲ ನಮ್ಮಂಥವರಿಗೆ. ನಿಮಗೆಂಥ ಕಾಲು ತೊಳೆಯುವುದು? ಹಾಗೇ ಬನ್ನಿ."

ರಾಯರು ಎತ್ತಿದ ಕಾಲನ್ನು ಮೆಲ್ಲಗೆ ಇಳಿಸಿದರು. ಏನೋ ಹೇಳಲು ಕೊಕ್ಕು ತೆರೆದು, ಮತ್ತೆ ಮುಚ್ಚಿಕೊಂಡು, ಮರಳಿನ ಮೇಲೆ ನಡೆದು ಹೋದರು. ಕೇದಗೆಯ ನೆರಳಿನವರೆಗೂ ಅವರ ಹೆಜ್ಜೆ ಮೂಡಿತು, ಹೆಜ್ಜೆಹೆಜ್ಜೆಗೂ ಕೆಸರು ಉದುರಿತು. ನಾಲ್ಕು ದಿನ ಇದ್ದು ಹೋಗಿ ಎಂದು ಎಲ್ಲರೂ ಹೇಳಿದರೂ ಕೇಳದೆ ಅವರು ಸಂಜೆಗೇ ಹಾರಿಹೋದರು. ಯಾಕಿರಬಹುದು ಎಂದು ಮುತ್ತಿಗೆ ಗೊತ್ತಾಗಲಿಲ್ಲ.

ಮೊದಲ ಮಳೆ ಬಿದ್ದಾಗ ರಾಯರು ನಡೆದ ದಾರಿಯಲ್ಲಿ ಎರಡೆಲೆಯ ಸಸಿಯೊಂದು ಕಣ್ಣುಬಿಟ್ಟಿತು. ಮುತ್ತಿ ಅದನ್ನು ನೋಡಿದಳು. ಈ ಎಲೆ ತಮ್ಮೂರಿನದಲ್ಲ ಎಂದು ಅವಳಿಗೆ ಕೂಡಲೇ ಗೊತ್ತಾಯಿತು. ಇಕ್ಕಳದಂಥ ತನ್ನ ಮುಂಗಾಲಿನಿಂದ ಒಮ್ಮೆ ಚಿವುಟಿದ್ದರೆ ಮುಗಿದುಹೋಗುತ್ತಿತ್ತು.

"ಪಾಪ, ಇಷ್ಟು ದೂರ ಬಂದಿದೆ. ಬಂದದ್ದನ್ನು ಹೇಗೆ ಕೀಳುವುದು?" ಎಂದಳು ಮುತ್ತಿ.

ನೋಡಿ, ಗಿಡದ ಹತ್ತಿರವೂ ದಾಕ್ಷಿಣ್ಯ!

ಸಸಿಗೆ ಅಂಥದ್ದೇನೂ ಇರಲಿಲ್ಲ. ಮಳೆ ಹಿಡಿಯುತ್ತಲೇ ಅದು ಬಳ್ಳಿಯಾಗಿ ಹಬ್ಬಿತು. ಅಡುಂಬು ಬಳ್ಳಿಯ ಮೇಲೆ ಹತ್ತಿತು, ರಾವಣನ ಮೀಸೆಯನ್ನು ಮುಚ್ಚಿತು, ಕೇದಗೆಯ ಕುತ್ತಿಗೆಗೆ ಸುತ್ತಿಕೊಂಡಿತು. ಮೇಲೆ ಬಿಳಿಬಿಳಿ ಹೂ, ಘಮಘಮ ವಾಸನೆ.

"ಎಷ್ಟು ಚೆಂದ ಅಲ್ವಾ?" ಎಂದಳು ಪಾರಿ. ಆದರೆ ಮುತ್ತಿ ಹೂವಿನ ಕೆಳಗೆ ಹೋಗಿ ನೋಡಿದ್ದಳು. ಬಿಸಿಲು ಕಾಣದೆ ಅಡುಂಬಿನ ಎಲೆ ಹಳದಿಯಾಗಿ, ಬೇರು ಮರಳಿನ ಹಿಡಿತ ಬಿಟ್ಟಿತ್ತು. ಹೊಸ ಬಳ್ಳಿಯ ಬೇರು ಇದ್ದದ್ದು ಒಂದೇ ಕಡೆ, ಅದೂ ಮೇಲುಮೇಲೆ. ಆಷಾಢದ ಅಲೆಗಳು ಬಂದು ಬಡಿದಾಗ ದಿಬ್ಬದ ಒಂದು ಬದಿ ಕುಸಿದು ಕಡಲಿಗೆ ಹೋಯಿತು. ಆ ಸದ್ದಿಗೆ ಮುತ್ತಿ ಶಂಖದ ತಳಕ್ಕೆ ಜಾರಿ, ಅಜ್ಜಿಯನ್ನು ನೆನೆದು ಅತ್ತಳು. ಅತ್ತಳೇ ಹೊರತು ಯಾರಿಗೂ ಹೇಳಲಿಲ್ಲ.

ಮಳೆಗಾಲ ಮುಗಿದು ಚಳಿ ಬಿತ್ತು. ಒಂದು ದಿನ ಬೆಳಕು ಹರಿಯುವ ಹೊತ್ತಿಗೆ ಮರಳಿನ ಕಡೆಯಿಂದ ಯಾರೋ ಏದುಸಿರು ಬಿಡುವ ಸದ್ದು ಕೇಳಿಸಿತು. ಮುತ್ತಿ ಓಡಿದಳು.

ಕಡಲಾಮೆ ದೊಡ್ಡಮ್ಮ ಬಂದಿದ್ದಳು. ಅವಳು ಹುಟ್ಟಿದ್ದು ಇದೇ ಮರಳಿನಲ್ಲಿ. ಕಡಲೆಲ್ಲ ಸುತ್ತಿದರೂ ಮೊಟ್ಟೆಯಿಡಲು ಮಾತ್ರ ತವರಿಗೇ ಬರುತ್ತಿದ್ದಳು. ಆದರೆ ಈ ಸಲ ಅವಳ ನಾಲ್ಕೂ ಕಾಲುಗಳಿಗೆ ಬಿಳಿಹೂವಿನ ಬಳ್ಳಿ ಬಲೆಯಂತೆ ಸುತ್ತಿಕೊಂಡಿತ್ತು. ಮುಂದೆ ಹೋಗಲು ಆಗದು, ಹಿಂದೆ ಬರಲೂ ಆಗದು.

"ಮುತ್ತೀ," ಎಂದಳು ದೊಡ್ಡಮ್ಮ, ದನಿ ಬತ್ತಿತ್ತು. "ನಮ್ಮ ಮರಳು ಎಲ್ಲಿ ಹೋಯಿತು ಮಗಳೇ? ದಾರಿ ತಪ್ಪಿ ಬೇರೆಲ್ಲೋ ಬಂದೆನೇ ಅಂದುಕೊಂಡೆ."

ದೊಡ್ಡಮ್ಮನ ಹೊಟ್ಟೆಯಲ್ಲಿ ಮೊಟ್ಟೆಗಳು ತುಂಬಿದ್ದವು. ಇನ್ನು ಸ್ವಲ್ಪ ಹೊತ್ತಿಗೆ ಬಿಸಿಲೇರುತ್ತದೆ. ಬಿಸಿಲಿನಲ್ಲಿ ಬಿದ್ದಿದ್ದರೆ ಅವಳೂ ಉಳಿಯುವುದಿಲ್ಲ, ಮೊಟ್ಟೆಯೂ ಉಳಿಯುವುದಿಲ್ಲ.

ಮುತ್ತಿ ತನ್ನ ಜೀವಮಾನದಲ್ಲಿ ಕೂಗದಷ್ಟು ಜೋರಾಗಿ ಕೂಗಿದಳು. "ಬನ್ನೀ! ಎಲ್ಲರೂ ಬನ್ನೀ!"

ಕಲ್ಲುಸಂದಿಗಳಿಂದ, ಒಣಗಿದ ಎಲೆಗಳ ಅಡಿಯಿಂದ ಅವಳ ಬಳಗವೆಲ್ಲ ಹೊರಬಂತು. ಹತ್ತಾರು ಶಂಖಗಳು ಲಟಲಟ ಎನ್ನುತ್ತ ಓಡಿ ಬಂದವು. ಪಾರಿಯೂ ಹಾರಿ ಬಂದು ನೋಡಿ ಬೆಚ್ಚಿದಳು.

"ಈ ಹಾಳು ಬಳ್ಳಿಯನ್ನು ಊರೊಳಗೆ ಬಿಟ್ಟವರು ಯಾರು?"

"ನಾನೇ," ಎಂದಳು ಮುತ್ತಿ. "ರಾಯರ ಕಾಲು ತೊಳೆಸಲಿಲ್ಲ. ಆಮೇಲೆ ಎಷ್ಟು ಬೇಕಾದರೂ ಬೈಯಿ ಪಾರಕ್ಕ. ಈಗ ಹೊಟ್ಟೆಯ ಗರಿ ನೆನೆಸಿಕೊಂಡು ಬಂದು ದೊಡ್ಡಮ್ಮನ ತಲೆ ಮೇಲೆ ನೀರು ಹನಿಸು. ಹೋಗು, ನಿನ್ನವರನ್ನೂ ಕರಿ!"

ಪಾರಿ ಬೈಯಲಿಲ್ಲ. ಕಡಲಕ್ಕಿಗಳು ಸುಡುಬಿಸಿಲಿನಲ್ಲಿ ತಮ್ಮ ಮೊಟ್ಟೆಗಳನ್ನು ತಂಪು ಮಾಡುವುದೂ ಹೀಗೆಯೇ. ಗುಂಪಾಗಿ ಹೋಗಿ, ಅಲೆಗೆ ಹೊಟ್ಟೆ ತಾಗಿಸಿ ಬಂದು, ದೊಡ್ಡಮ್ಮನ ನೆತ್ತಿಯ ಮೇಲೆ ತೊಟ್ಟುತೊಟ್ಟಾಗಿ ನೀರು ಬೀಳಿಸಿದವು. ಕೆಳಗೆ ಏಡಿಗಳು ಬಳ್ಳಿಯನ್ನು ಕಚ್ಚಿ ಕತ್ತರಿಸಿದವು. ಮುತ್ತಿಯ ಇಕ್ಕಳದ ತುದಿ ಮುರಿಯಿತು, ಅವಳು ಬಿಡಲಿಲ್ಲ. ಹಾಸುಗಲ್ಲಿನ ಬದಿಯಲ್ಲಿ ಅಡುಂಬು ಬಳ್ಳಿಯ ಒಂದು ತುಂಡು ಇನ್ನೂ ಹಸಿರಾಗಿತ್ತು. ಎಲ್ಲರೂ ಸೇರಿ ಅಲ್ಲಿಯವರೆಗೆ ದಾರಿ ಬಿಡಿಸಿದರು.

ದೊಡ್ಡಮ್ಮ ತೆವಳಿ ತೆವಳಿ ಅಲ್ಲಿಗೆ ಹೋದಳು. ಕಾಲಿನಿಂದ ಮರಳು ಮುಟ್ಟಿ ನೋಡಿದಳು. "ಹಾಂ, ಇದು ನಮ್ಮ ಮರಳು," ಎಂದು ಉಸಿರುಬಿಟ್ಟು, ಗುಂಡಿ ತೋಡಿ ಮೊಟ್ಟೆಯಿಟ್ಟಳು.

ಕಡಲಿಗಿಳಿಯುವ ಮುಂಚೆ ಅವಳು ಮುತ್ತಿಯ ಶಂಖಕ್ಕೆ ಮೂತಿ ತಾಗಿಸಿದಳು. "ನಿನ್ನಜ್ಜಿ ಒಮ್ಮೆ ನನ್ನನ್ನೂ ತಡೆದಿದ್ದಳು, ಗೊತ್ತುಂಟಾ? ಬೆನ್ನಿಗೆ ಏನೋ ಅಂಟಿದೆ, ಉಜ್ಜಿಕೊಂಡು ಬಾ ಅಂದಳು. ನನಗೆ ಒಂದಿಷ್ಟೂ ಬೇಸರವಾಗಲಿಲ್ಲ. ತವರಿನಲ್ಲಿ ನನ್ನನ್ನು ನೋಡುವವರು ಇದ್ದಾರಲ್ಲ ಅನ್ನಿಸಿತು."

ಈ ಸಲ ಮುತ್ತಿ ಶಂಖದೊಳಗೆ ಜಾರಲಿಲ್ಲ. ದೊಡ್ಡಮ್ಮ ಅಲೆಯಲ್ಲಿ ಮರೆಯಾಗುವವರೆಗೂ ನೋಡುತ್ತ ನಿಂತಳು.

ಆ ಚಳಿಗಾಲವಿಡೀ ಹೊನ್ನೆದಿಬ್ಬದವರಿಗೆ ಒಂದೇ ಕೆಲಸ. ಬಳ್ಳಿಯನ್ನು ಬೇರುಸಹಿತ ಕೀಳುವುದು, ಹಾಸುಗಲ್ಲಿನ ಮೇಲೆ ಎಳೆದು ಹಾಕುವುದು, ಬಿಸಿಲಿನಲ್ಲಿ ಸುಟ್ಟು ಕರಕಲಾಗುವವರೆಗೆ ಕಾಯುವುದು. ಇವತ್ತು ಕಿತ್ತಲ್ಲಿ ನಾಳೆ ಉದುರಿದ ಬೀಜದಿಂದ ಮತ್ತೆ ಚಿಗುರುತ್ತಿತ್ತು. ಮುತ್ತಿ ಮತ್ತೆ ಕೀಳುತ್ತಿದ್ದಳು. ಪಾರಿ ಮನಸಾರೆ ಬೈದಳು ಕೂಡ, ಆದರೆ ಕೀಳುತ್ತ ಕೀಳುತ್ತ ಬೈದಳು. ಕಲ್ಲಿನ ಬದಿಯಲ್ಲಿ ಉಳಿದಿದ್ದ ಅಡುಂಬು ಮೆಲ್ಲಗೆ ಒಂದು ಕುಡಿ ಚಾಚಿತು, ಒಂದು ಗೆಣ್ಣು ಊರಿತು, ಮತ್ತೊಂದು ಊರಿತು.

ಒಂದು ಬೆಳಿಗ್ಗೆ ಮರಳು ತಾನಾಗಿ ಅಲುಗಾಡಿತು. ಅಂಗೈಯಷ್ಟೂ ಇಲ್ಲದ ಆಮೆಮರಿಗಳು ಒಂದರ ಮೇಲೊಂದು ಹತ್ತಿ ಹೊರಬಂದವು. ಅಡುಂಬಿನ ಎಲೆಗಳ ಮೇಲೆ ಮುಗ್ಗರಿಸುತ್ತ, ಬೀಳುತ್ತ, ಏಳುತ್ತ ನೀರಿನ ಕಡೆ ನಡೆದವು. ಒಂದು ಮರಿ ಮುತ್ತಿಯ ಶಂಖಕ್ಕೆ ಡಿಕ್ಕಿ ಹೊಡೆದು ಪಿಳಿಪಿಳಿ ನೋಡಿತು.

"ಆ ಕಡೆ ಹೋಗು ಪುಟ್ಟಾ," ಎಂದಳು ಮುತ್ತಿ. "ಮತ್ತೆ ಬಾ, ಮರಳು ಇರುತ್ತದೆ."

ಮಳೆಗಾಲ ಇನ್ನೇನು ಬರಬೇಕು, ಅಷ್ಟರಲ್ಲಿ ಹಾಸುಗಲ್ಲಿನ ಮೇಲೆ ಉದ್ದನೆಯ ನೆರಳು ಬಿತ್ತು. ಕೊಕ್ಕರೆ ರಾಯರು! ಕಾಲಿಗೆ ಹೋದ ವರ್ಷದಷ್ಟೇ ಕೆಸರು, ಅಷ್ಟೇ ಮುಳ್ಳುಕಾಯಿ. ಹೊಂಡದ ಪಕ್ಕ ನಿಂತು ಒಂದು ಕಾಲೆತ್ತಿದರು. ನೀರನ್ನು ನೋಡಿದರು. ಮುತ್ತಿಯನ್ನು ನೋಡಿದರು.

ಮುತ್ತಿಯ ಎದೆ ಮತ್ತೆ ಡವಡವ ಎಂದಿತು. ಆದರೂ ಅವಳು ಹಾಸುಗಲ್ಲಿನ ನಡುವೆ ಬಂದು ನಿಂತಳು. "ರಾಯರೇ, ಬನ್ನಿ, ಮೊದಲು ಕಾಲು ತೊಳೆದುಕೊಳ್ಳಿ. ಮುಳ್ಳುಕಾಯಿ ನಾನು ಬಿಡಿಸಿಕೊಡುತ್ತೇನೆ. ತೊಳೆಯದೆ ಮರಳಿಗೆ ಇಳಿಯುವ ಹಾಗಿಲ್ಲ," ಎಂದಳು.

ರಾಯರ ಕಣ್ಣು ಅರಳಿತು. ಎರಡೂ ಕಾಲುಗಳನ್ನು ಹೊಂಡದಲ್ಲಿ ಮುಳುಗಿಸಿ "ಅಬ್ಬಾ!" ಎಂದು ನಿಟ್ಟುಸಿರುಬಿಟ್ಟರು.

"ಈ ಮಾತನ್ನು ಆವತ್ತೇ ಹೇಳಬಾರದಿತ್ತೇ ತಾಯಿ? ಮುಳ್ಳು ಚುಚ್ಚಿ ಚುಚ್ಚಿ ನನಗೆ ನಡೆಯಲಿಕ್ಕೇ ಆಗುತ್ತಿರಲಿಲ್ಲ. ನೀರಿಗೆ ಕಾಲಿಡೋಣ ಅಂದರೆ ನೀನು ಬೇಡ ಬೇಡ ಅಂದೆ. ನಾನಾಗಿ ಕೇಳಲು ಸಂಕೋಚ. ಬಂದವರ ಕಾಲಿಗೆ ನೀರೂ ಕೊಡದ ಮನೆಯಲ್ಲಿ ಹೇಗೆ ಉಳಿಯುವುದು ಅಂತ ಸಂಜೆಗೇ ಹೊರಟೆ."

ಮರ್ಯಾದೆ ಕೊಟ್ಟೆ ಎಂದು ಮುತ್ತಿ ಅಂದುಕೊಂಡಿದ್ದಳು, ನೆಂಟರು ನೊಂದು ಹೋಗಿದ್ದರು! ಅವಳು ತುದಿ ಮುರಿದ ಇಕ್ಕಳದಿಂದ ಒಂದೊಂದೇ ಮುಳ್ಳುಕಾಯಿ ಬಿಡಿಸಿ ಕಾದ ಕಲ್ಲಿನ ಮೇಲಿಟ್ಟಳು.

ಹಿಂದಿನಿಂದ ಪಾರಿಯ ದನಿ ಕೇಳಿಸಿತು. "ಆ ಎಡಗಾಲು ಸರಿಯಾಗಲಿಲ್ಲ ರಾಯರೇ, ಇನ್ನೊಂದು ಸಲ!"

ರಾಯರು ನಗುತ್ತ ಎಡಗಾಲನ್ನು ಮತ್ತೆ ತೊಳೆದರು. ಆ ಸಲ ಅವರು ಮಳೆ ಶುರುವಾಗುವವರೆಗೂ ಹೊನ್ನೆದಿಬ್ಬದಲ್ಲೇ ಇದ್ದರು.

ನೀತಿ: ದಾಕ್ಷಿಣ್ಯಕ್ಕೆ ಬಿದ್ದು ಹೇಳಬೇಕಾದ ಮಾತನ್ನು ನುಂಗಿಕೊಂಡರೆ ಮನೆಯೂ ಕೆಡುತ್ತದೆ, ಬಂದ ನೆಂಟರೂ ನೋಯುತ್ತಾರೆ, ಪ್ರೀತಿಯಿಂದ ಹೇಳಿದ ನೇರ ಮಾತು ಇಬ್ಬರನ್ನೂ ಕಾಯುತ್ತದೆ.