ಏಳು ಹೊರಬಂದ ಬಗೆ

ಕರಿಹಲಗೆಯ ಮೇಲೆ √(7 + 4√3) ಎಂದು ಬರೆದಿತ್ತು. ವರ್ಗಮೂಲದ ಸೂರಿನಡಿ ನಿಂತು ನಿಂತು ಏಳಕ್ಕೆ ಸಾಕುಸಾಕಾಗಿತ್ತು.

“ನನ್ನೊಬ್ಬನನ್ನು ಹೊರಗೆ ಬಿಟ್ಟುಬಿಡು,” ಎಂದಿತು.

“ಕೂಡಿಕೊಂಡವರನ್ನು ಒಬ್ಬೊಬ್ಬರಾಗಿ ಬಿಡುವ ಪದ್ಧತಿ ನನ್ನಲ್ಲಿಲ್ಲ,” ಎಂದು ಸೂರು ಆಕಳಿಸಿತು. “ನೀನು ನಾಲ್ಕೂ ಮೂರೂ ಆಗಿ ಒಡೆದುಕೋ. ಆಗ ಪಕ್ಕದವನೂ ಸೇರಿ ನೀವೆಲ್ಲ ಪೂರ್ಣವರ್ಗವಾಗುತ್ತೀರಿ. ನಾನು ತೊಲಗುತ್ತೇನೆ.”

“ಒಡೆಯುವುದೇ? ನಾನು ಅವಿಭಾಜ್ಯ ಸಂಖ್ಯೆ!”

“ಹಾಗಾದರೆ ಇಲ್ಲೇ ಇರು. ನನಗೇನು?”

ಪಿರಿಯಡ್ ಮುಗಿಯುತ್ತ ಬಂತು. ಹಟ ಮಾಡುವುದಕ್ಕೂ ಏಳರಲ್ಲಿ ತ್ರಾಣ ಉಳಿಯಲಿಲ್ಲ. ಕಣ್ಣು ಮುಚ್ಚಿ ಒಡೆದುಕೊಂಡಿತು; 4 + 3 + 4√3 ಸೇರಿ (2 + √3)² ಆಯಿತು. ಸೂರು ಕಳಚಿತು; 2 + √3 ಹೊರಗೆ ಬಂದವು.

“ಅಷ್ಟು ಗೋಗರೆದ ಏಳು ಎಲ್ಲಿ?” ಎಂದು ಡಸ್ಟರ್ ಕೇಳಿತು.

ಎರಡು ಸುಸ್ತಾಗಿ ಕುಳಿತು ಹೇಳಿತು: “ಅವನು ಉಳಿದಿದ್ದರೆ ನಾವ್ಯಾರೂ ಹೊರಬರುತ್ತಿರಲಿಲ್ಲ.”