ಕೆಂಪಾಜಮ್ಮನ ತಣ್ಣನೆ ಪೆಟ್ಟಿಗೆ, ಸಣ್ಣಸ್ವಾಮಿಯ ಬಿಸಿ ಬನ್ನು

ವ್ಯವಹಾರ ಇಷ್ಟೇ. ಒಂದು ವಾರ ಬನ್ನಿನ ಕಂಪನಿಯ ಫ್ರೀಜರ್ ಪೆಟ್ಟಿಗೆ ಕೆಂಪಾಜಮ್ಮನ ಅಂಗಡಿಯಲ್ಲಿ ಇರುತ್ತದೆ. ವಾರದ ಕೊನೆಗೆ ಮೈಸೂರಿನಿಂದ ಕಂಪನಿ ಏಜೆಂಟು ಬಂದು, ಅದರೊಳಗಿನ ಬನ್ನನ್ನು ಬಿಸಿ ಮಾಡಿಸಿ ತಿಂದು ನೋಡುತ್ತಾನೆ. ಬಾಯಿಗೆ ಹಿಡಿಸಿತೋ, ಪೆಟ್ಟಿಗೆ ಅಲ್ಲೇ ಉಳಿಯುತ್ತದೆ, ಮಾಲು ವಾರವಾರ ಬರುತ್ತದೆ, ಕೆಂಪಾಜಮ್ಮ ಹಿಟ್ಟು ನಾದುವುದು ತಪ್ಪುತ್ತದೆ. ಹಿಡಿಸಲಿಲ್ಲವೋ, ಪೆಟ್ಟಿಗೆ ವಾಪಸು ಲಾರಿಗೆ.

ಕೆಂಪಾಜಮ್ಮ ಯಾರು ಅಂತೀರಾ? ಹುಣಸೂರು ಬಸ್‌ಸ್ಟ್ಯಾಂಡಿನ ಹಿಂದೆ ಬನ್ನು, ಟೀ ಮಾರುತ್ತಿದ್ದ ಹೆಂಗಸು. ಮಡಿಕೇರಿ ಕಡೆ ಹೋಗುವ ಬಸ್ಸುಗಳು ಅಲ್ಲಿ ನಿಂತು ಉಸಿರು ಬಿಡುತ್ತಿದ್ದ ಕಾಲ ಅದು. ಬಸ್ಸಿನ ಹೊಗೆಯ ಜೊತೆ ಅವಳ ಬನ್ನಿನ ವಾಸನೆ ಸೇರಿಕೊಂಡು ನನ್ನ ದಿನಸಿ ಅಂಗಡಿವರೆಗೂ ಬರುತ್ತಿತ್ತು. ಈಗ ಹೊಗೆ ಬರುತ್ತದೆ, ಅಷ್ಟೇ. ಕೋಳಿ ಕೂಗುವ ಮುಂಚೆ ಎದ್ದು ನಾದಿ ನಾದಿ ಅವಳ ಬಲಗಡೆ ಹೆಗಲು ಸವೆದುಹೋಗಿತ್ತು. ತಲೆ ಬಾಚಿಕೊಳ್ಳಲು ಕೈ ಮೇಲಕ್ಕೆ ಏಳುತ್ತಿರಲಿಲ್ಲ. ಅವಳಿಗೆ ಮೈದಾ ಕೊಡುತ್ತಿದ್ದವನು ನಾನು. ಫ್ರೀಜರ್ ನಿಂತರೆ ನನ್ನ ಮೈದಾ ಮೂಟೆ ನಿಲ್ಲುತ್ತದೆ. ಗೊತ್ತಿದ್ದೂ ಏಜೆಂಟಿನ ವಿಳಾಸ ಕೊಟ್ಟವನು ನಾನೇ. ಕೈ ಬಿದ್ದುಹೋದ ಗಿರಾಕಿಯಿಂದ ಯಾವ ವ್ಯಾಪಾರ?

ಅವಳಿಗೊಬ್ಬ ಮಗ, ಸಣ್ಣಸ್ವಾಮಿ. ಹೆಸರು ಸಣ್ಣ, ಆಳು ಬಾಗಿಲಿನಷ್ಟು. ಮೀಸೆ ಬಂದು ಎಷ್ಟೋ ವರ್ಷ ಆಗಿತ್ತು, ಬುದ್ಧಿ ಇನ್ನೂ ದಾರಿಯಲ್ಲಿತ್ತು. ಸೋಮಾರಿಯಲ್ಲ, ಕಳ್ಳನಲ್ಲ, ಎದುರು ಮಾತಾಡುವವನಲ್ಲ. ಹೇಳಿದ್ದನ್ನು ಹೇಳಿದ ಹಾಗೇ ಮಾಡುವವನು. ಕಷ್ಟ ಅದೇ. ಒಂದು ಗುಂಜಿ ಹೆಚ್ಚಿಲ್ಲ, ಒಂದು ಗುಂಜಿ ಕಮ್ಮಿಯಿಲ್ಲ, ನನ್ನ ತಕ್ಕಡಿಯ ಹಾಗೆ. ತಕ್ಕಡಿಗೆ ಬುದ್ಧಿ ಇರುತ್ತದೆಯೇ?

ಪೆಟ್ಟಿಗೆ ಬಂದ ದಿನ ಬೀದಿಗೆ ಬೀದಿಯೇ ನೋಡಲು ಬಂತು. ಮುಚ್ಚಳ ತೆಗೆದರೆ ಬಿಳೀ ಹೊಗೆ! ಬೆಂಕಿಯಿಲ್ಲದ ಹೊಗೆಯನ್ನು ನಾವು ಅಲ್ಲಿಯವರೆಗೆ ಕಂಡವರಲ್ಲ. ಮುದುಕರು ಕೈಯಿಟ್ಟು ನೋಡಿ, "ಹಾ! ಕಚ್ಚುತ್ತೆ!" ಎಂದು ಹಿಂದಕ್ಕೆಳೆದುಕೊಂಡರು. ಒಳಗೆ ಕಲ್ಲಿನಂಥ ಬನ್ನು, ಕಲ್ಲಿನಂಥ ಬ್ರೆಡ್ಡು, ಕಲ್ಲಿನಂಥ ಪಫ್ಸು.

ಮಾರನೆ ದಿನ ಕೆಂಪಾಜಮ್ಮ ಹಾಲು ತರಲು ಹೊರಟಳು.

"ಲೋ ಸಣ್ಣಸ್ವಾಮಿ, ಪೆಟ್ಟಿಗೆಯಿಂದ ಬನ್ನು ತಗೊಂಡು ಸೀದಾ ಕಾವಲಿ ಮೇಲೆ ಇಡು. ಅಷ್ಟೇ ಕೆಲ್ಸ."

"ಹೂಂ ಕಣವ್ವ, ಹಂಗೇ ಮಾಡ್ತೀನಿ."

ಹಂಗೇ ಮಾಡಿದ. ಪೆಟ್ಟಿಗೆಯಿಂದ ತೆಗೆದ, ಸೀದಾ ಕಾವಲಿ ಮೇಲೆ ಇಟ್ಟ. ಪ್ಲಾಸ್ಟಿಕ್ ಕವರಿನ ಸಮೇತ ಇಟ್ಟ! ಕೆಂಪಾಜಮ್ಮ ಬರುವ ಹೊತ್ತಿಗೆ ಕವರು ಕರಗಿ ಕಾವಲಿಗೆ ಅಂಟಿಕೊಂಡು, ವಾಸನೆ ತಾಳಲಾರದೆ ಗಿರಾಕಿಗಳು ಬಸ್ಸು ಬರದಿದ್ದರೂ ಬಸ್ಸಿಗೆ ಓಡಿದ್ದರು.

"ಅಯ್ಯೋ ಮಂಕು ಮುಂಡೇದೇ! ಕವರು ಬಿಚ್ಬಾರ್ದೇನೋ?"

"ಸೀದಾ ಇಡು ಅಂದೆ. ಬಿಚ್ಚು ಅನ್ನಲಿಲ್ಲ."

"ಕೇಳ್ಕೋ ಇಲ್ಲಿ. ಪೆಟ್ಟಿಗೆಯಿಂದ ಏನೇ ಬರ್ಲಿ, ಮೊದ್ಲು ಮೇಲೆ ಸುತ್ತಿರೋದನ್ನೆಲ್ಲ ಬಿಚ್ಚು. ಆಮೇಲೆ ಬಿಸಿ ಮಾಡು. ತಿಳೀತಾ?"

"ಹೂಂ ಕಣವ್ವ, ಹಂಗೇ ಮಾಡ್ತೀನಿ."

ಮರುದಿನ ತಾಲ್ಲೂಕು ಕಚೇರಿಯ ಗುಮಾಸ್ತರು ಬಂದು ಪಫ್ಸ್ ಕೇಳಿದರು. ಕೆಂಪಾಜಮ್ಮ ಟೀ ಸೋಸುತ್ತಿದ್ದಳು. "ಬಿಸಿ ಮಾಡಿ ಕೊಡೋ" ಎಂದು ಮಗನಿಗೆ ಕೂಗಿದಳು. ಒಳಗೆ ಹೋದ ಮಗ ಹೋದ. ಟೀ ಆರಿತು. ಎರಡನೇ ಟೀಯೂ ಆರಿತು. ಕೊನೆಗೆ ತಟ್ಟೆ ಹಿಡಿದು ಬಂದ. ತಟ್ಟೆಯಲ್ಲಿ ಒಂದು ಮುದ್ದೆ ಆಲೂಗಡ್ಡೆ ಪಲ್ಯ.

"ಪಫ್ಸ್ ಎಲ್ಲಯ್ಯಾ?" ಎಂದರು ಗುಮಾಸ್ತರು.

"ಇದೇ ಸ್ವಾಮಿ. ಸುತ್ತಿದ್ದನ್ನೆಲ್ಲ ಬಿಚ್ಚಿದೀನಿ. ಅಬ್ಬಾ, ಏನು ಕವರು! ಬಿಚ್ಚಿದಷ್ಟೂ ಕವರು! ಒಂದು ಬಿಚ್ಚಿದ್ರೆ ಒಳಗೊಂದು, ಅದ ಬಿಚ್ಚಿದ್ರೆ ಇನ್ನೊಂದು! ಇಷ್ಟು ಪಲ್ಯಕ್ಕೆ ಇಷ್ಟೊಂದು ಕವರು ಯಾಕೆ ಸುತ್ತಿದ್ರೋ ಆ ಕಂಪನಿಯೋರು!"

ಒಳಗೆ ಹೋಗಿ ನೋಡಿದರೆ ಕಸದ ಬುಟ್ಟಿಯಲ್ಲಿ ಪದರ ಪದರವಾಗಿ ಪಫ್ಸು.

"ಹಾಳಾಗ್ಹೋಗ! ಅದು ತಿನ್ನೋ ಪದರ ಕಣೋ! ಇನ್ಮೇಲೆ ಏನನ್ನೂ ಬಿಚ್ಚೋಕೆ ಹೋಗ್ಬೇಡ. ಒದ್ದೆ ಬಟ್ಟೇಲಿ ಸುತ್ತು, ಇಡ್ಲಿ ಪಾತ್ರೇಲಿ ಹಬೆಗೆ ಇಡು. ಕಲ್ಲಿನಂಗಿರೋದು ಹೂವಿನಂಗೆ ಆಗ್ತದೆ. ನಾನು ನಿನ್ನೆ ಬನ್ನಿಗೆ ಮಾಡ್ಲಿಲ್ವಾ?"

"ಹೂಂ ಕಣವ್ವ, ಹಂಗೇ ಮಾಡ್ತೀನಿ."

ಮಾತು ನಿಜ. ಆ ತಣ್ಣನೆ ಬನ್ನಿಗೆ ಅದೇ ಸರಿಯಾದ ದಾರಿ. ಆದರೆ ಮಾರನೆ ದಿನ ಕೇಳಿದ್ದು ಬನ್ನಲ್ಲ. ಬಂದವರು ಹೊಗೆಸೊಪ್ಪಿನ ಮಂಡಿಯ ದೊಡ್ಡಮನೆ ಜವರಪ್ಪ. ಎಂಬತ್ತು ದಾಟಿದ ಮುದುಕ, ಬಾಯಲ್ಲಿ ಒಂದು ಹಲ್ಲಿಲ್ಲ, ಆದರೂ ದಿನಾ ರಸ್ಕು ಕೇಳುತ್ತಿದ್ದರು. ಟೀಯಲ್ಲಿ ಅದ್ದಿ ಅದ್ದಿ, ಚಪ್ಪರಿಸುತ್ತ ಮಧ್ಯಾಹ್ನದವರೆಗೆ ಕೂರುತ್ತಿದ್ದರು. ಆಗ ಒಂದು ಟೀಗೆ ಮಧ್ಯಾಹ್ನದವರೆಗೆ ಕೂತರೂ ಯಾರೂ ಏಳಿ ಅನ್ನುತ್ತಿರಲಿಲ್ಲ.

ಸಣ್ಣಸ್ವಾಮಿ ರಸ್ಕನ್ನು ಡಬ್ಬಿಯಿಂದ ತೆಗೆದು ಮುಟ್ಟಿ ನೋಡಿದ. ಕಲ್ಲಿನಂಗಿದೆ! ಒದ್ದೆ ಬಟ್ಟೆ ಸುತ್ತಿದ. ಹಬೆಗೆ ಇಟ್ಟ. ತಂದು ಮುಂದಿಟ್ಟ. ರಸ್ಕು ಹೋಗಿ ಅಂಬಲಿಯಾಗಿತ್ತು.

ಜವರಪ್ಪನವರು ಬೆರಳದ್ದಿ ನೆಕ್ಕಿದರು. ಕಣ್ಣರಳಿಸಿದರು.

"ಕೆಂಪಾಜೀ! ಹಿಂಗೆ ಮಾಡೋಕೆ ಬರ್ತದೆ ಅಂತ ಇಷ್ಟು ವರ್ಷ ಯಾಕೆ ಹೇಳ್ಲಿಲ್ಲ?"

ಒಬ್ಬ ಗಿರಾಕಿ ಮೆಚ್ಚಿದ. ಉಳಿದವರು ತಟ್ಟೆ ನೂಕಿ ಎದ್ದರು. ಯಾಕೆಂದರೆ ಸಣ್ಣಸ್ವಾಮಿ ಡಬ್ಬಿಯಲ್ಲಿದ್ದ ಅಷ್ಟನ್ನೂ ಹಬೆಗೆ ಹಾಕಿದ್ದ.

"ನಿನ್ನ ತಲೇಲಿ ಏನಿದ್ಯೋ? ರಸ್ಕು ಅಂದ್ರೆ ಕಟುಂ ಅನ್ಬೇಕು! ಮೆತ್ತಗಾಯ್ತಾ, ತಗೊಂಡೋಗಿ ಬಿಸಿಲಿಗೆ ಹಾಕು, ಒಣಗಿಸು. ನನ್ನ ಕೈ ನೋಯ್ತದೆ, ನಾಲಿಗೇನೂ ನೋಯಿಸ್ಬೇಡ ಕಣೋ ಮಗನೇ."

"ಹೂಂ ಕಣವ್ವ, ಹಂಗೇ ಮಾಡ್ತೀನಿ."

ಮರುದಿನ ಕೆಂಪಾಜಮ್ಮ ಬ್ರೆಡ್ಡು ತೆಗೆದು ಚಳಿ ಬಿಡಲೆಂದು ಅಡುಗೆಕಟ್ಟೆಯ ಮೇಲಿಟ್ಟು, ಹೆಗಲಿಗೆ ಎಣ್ಣೆ ತಿಕ್ಕಿಸಿಕೊಳ್ಳಲು ಪಕ್ಕದ ಮನೆಗೆ ಹೋದಳು. ಸಣ್ಣಸ್ವಾಮಿ ಬಂದು ಬ್ರೆಡ್ಡನ್ನು ಒತ್ತಿ ನೋಡಿದ. ಬೆರಳು ಒಳಗೆ ಹೋಯಿತು. ಅಯ್ಯಯ್ಯೋ, ಮೆತ್ತಗಾಗಿದೆ!

ಅವ್ವನ ಹಳೇ ಸೀರೆ ತೆಗೆದ. ತಾರಸಿ ಮೇಲೆ ಹಾಸಿದ. ನಾಲ್ಕು ಮೂಲೆಗೆ ನಾಲ್ಕು ಕಲ್ಲಿಟ್ಟ. ಬೇಸಿಗೆಯಲ್ಲಿ ಸಂಡಿಗೆ ಇಡುವುದನ್ನು ಅವನು ನೋಡಿಲ್ಲವೇ? ಸಾಲಾಗಿ, ಒಂದಕ್ಕೊಂದು ತಗುಲದ ಹಾಗೆ, ಒಂದೊಂದೇ ಹೋಳು ಜೋಡಿಸಿದ. ಕಾಗೆ ಬರಬಾರದು ಎಂದು ಕರೀ ಕೊಡೆ ಬಿಚ್ಚಿಟ್ಟ. ಬಿಸಿಲು ಸಮವಾಗಿ ತಾಗಲಿ ಎಂದು ಆಗಾಗ ಮಗ್ಗುಲು ಬದಲಿಸಿದ. ಅಕ್ಕಪಕ್ಕದ ಹೆಂಗಸರು ಕತ್ತೆತ್ತಿ ಕೇಳಿದರು:

"ಅದೇನೋ ಸಣ್ಣಸ್ವಾಮಿ, ಹೊಸಾ ಥರದ ಸಂಡಿಗೆ?"

"ಮೈಸೂರು ಸಂಡಿಗೆ ಕಣಕ್ಕ. ಪೆಟ್ಟಿಗೇಲಿ ಬತ್ತದೆ."

ಸಂಜೆಗೆ ಎಣ್ಣೆಯಲ್ಲಿ ಕರಿಯಲು ನಾಲ್ಕು ಕೊಡು ಎಂದು ಇಬ್ಬರು ಬಟ್ಟಲು ಹಿಡಿದು ಬಂದೇ ಬಿಟ್ಟರು. ಕೆಂಪಾಜಮ್ಮ ತಾರಸಿ ಹತ್ತಿ ನೋಡಿ ತಲೆ ಮೇಲೆ ಕೈ ಹೊತ್ತುಕೊಳ್ಳಹೋದಳು. ಕೈ ಏಳಲಿಲ್ಲ. ಎಡಗೈಯನ್ನೇ ಹೊತ್ತುಕೊಂಡಳು.

"ಲೋ, ಇದು ತಣ್ಣಗಿದ್ರೇನೇ ಬದುಕೋ ಮಾಲು ಕಣೋ! ನಾಳೆ ಏಜೆಂಟು ಬರ್ತಾನೆ. ಇನ್ನು ಉಳಿದಿರೋದು ಆ ಒಂದು ಪೊಟ್ಟಣ ಬನ್ನು. ಅದೂ ಹೋದ್ರೆ ನನ್ನ ಹೆಗಲು ಹೋಯ್ತು. ಕೇಳ್ಕೋ. ಆ ಪೆಟ್ಟಿಗೆ ಬಾಗಿಲು ತೆಗೀಬೇಡ. ದೇವರು ಬಂದು ಕೇಳಿದ್ರೂ ತೆಗೀಬೇಡ!"

"ಹೂಂ ಕಣವ್ವ, ಹಂಗೇ ಮಾಡ್ತೀನಿ."

ಏಜೆಂಟ್ ಪೊನ್ನಪ್ಪ ಮಧ್ಯಾಹ್ನಕ್ಕೆ ಬರುತ್ತೇನೆ ಎಂದವನು ಬೆಳಗಿನ ಬಸ್ಸಿಗೇ ಬಂದು ಇಳಿದ. ಸುದ್ದಿ ಕೇಳಿ ಕೆಂಪಾಜಮ್ಮ ಸೆರಗು ಸರಿಮಾಡಿಕೊಳ್ಳುತ್ತ ಬಸ್‌ಸ್ಟ್ಯಾಂಡಿಗೆ ಓಡಿದಳು. ಓಡುತ್ತಾ ಓಡುತ್ತಾ ಕೂಗಿದಳು:

"ಲೋ, ನಾವು ಬರೋ ಹೊತ್ಗೆ ಬನ್ನು ಬಿಸಿಯಾಗಿರ್ಲಿ!"

ಗಾಬರಿಯಲ್ಲಿ ಹಿಂದಿನ ದಿನದ ಮಾತು ಮರೆತಳು. ಅವಳು ಮರೆತಳು, ಅವನು ಮರೆಯಲಿಲ್ಲ.

ಇಬ್ಬರೂ ಬರುತ್ತಿರುವಾಗ ಅಂಗಡಿಯ ಕಿಟಕಿಯಿಂದ ಹೊಗೆ. ನಾನೂ ಅಂಗಡಿ ಬಿಟ್ಟು ಓಡಿದೆ. ಒಳಗೆ ಹೋಗಿ ನೋಡಿದರೆ, ಫ್ರೀಜರ್ ಪೆಟ್ಟಿಗೆಯ ಸುತ್ತ ನಾಲ್ಕು ಕಬ್ಬಿಣದ ಬಾಣಲೆ, ನಾಲ್ಕರ ತುಂಬ ತೆಂಗಿನ ಚಿಪ್ಪಿನ ಕೆಂಡ. ಸಣ್ಣಸ್ವಾಮಿ ಮೊರ ಹಿಡಿದು ಸುತ್ತು ಬರುತ್ತಾ ಬೀಸುತ್ತಿದ್ದಾನೆ. ಮೈಯೆಲ್ಲ ಬೆವರು.

"ಏನ್ಲಾ ಇದು!"

"ಬನ್ನು ಬಿಸಿ ಮಾಡ್ತಾ ಇದೀನಿ ಕಣವ್ವ."

"ಬನ್ನು ಎಲ್ಲೋ?"

"ಒಳಗದೆ."

"ಹೊರಗೆ ತೆಗೀಬಾರ್ದೇನೋ?"

"ಬಾಗಿಲು ತೆಗೀಬೇಡ ಅಂದೆ. ಬನ್ನು ಬಿಸಿಯಾಗಿರ್ಲಿ ಅಂದೆ. ಎರಡನ್ನೂ ಮಾಡಿದೀನಿ. ಬೇಕಾದ್ರೆ ಪೆಟ್ಟಿಗೆ ಮುಟ್ಟಿ ನೋಡು!"

ಮುಟ್ಟುವ ಹಾಗಿರಲಿಲ್ಲ. ಮೋಟಾರು ಒಮ್ಮೆ ಗೊರಗುಟ್ಟಿ, ಒಮ್ಮೆ ಸೀನಿ, ಸುಮ್ಮನಾಯಿತು. ಕೆಂಪಾಜಮ್ಮ ನೆಲಕ್ಕೆ ಕುಸಿದಳು. ನಾವು ನೀರು ಸುರಿದು ಕೆಂಡ ಆರಿಸಿ, ಬಟ್ಟೆ ಹಿಡಿದು ಮುಚ್ಚಳ ತೆಗೆದೆವು. ಒಳಗಿನ ಮಂಜೆಲ್ಲ ಹಬೆಯಾಗಿ ಬುಸ್ಸೆಂದು ಮೇಲೆ ಬಂತು. ಅದರ ಮಧ್ಯೆ ಬನ್ನು. ಪೊನ್ನಪ್ಪ ಅಭ್ಯಾಸಬಲದಿಂದ ಕವರು ಹರಿದು ಒಂದು ತೆಗೆದು ಬಾಯಿಗಿಟ್ಟ. ಅಗಿದ. ಇನ್ನೊಂದು ತೆಗೆದ.

"ಅಮ್ಮಾ, ಎಷ್ಟೋ ಊರಲ್ಲಿ ತಿಂದಿದ್ದೀನಿ. ಇಷ್ಟು ಮೆತ್ತಗೆ ಯಾರೂ ಬಿಸಿ ಮಾಡಿಲ್ಲ. ಬನ್ನು ಪಾಸು."

ಕೆಂಪಾಜಮ್ಮ ಕಣ್ಣೊರೆಸಿಕೊಂಡು ಎದ್ದಳು. "ಹಂಗಾದ್ರೆ ಇನ್ನೊಂದು ಪೆಟ್ಟಿಗೆ ಕೊಡ್ತೀರಾ ಸ್ವಾಮಿ?"

"ಅದನ್ನೂ ಬೇಯಿಸೋಕಾ?"

ಮುಂದಿನ ಬಸ್ಸಿಗೆ ಹೊರಟೇಬಿಟ್ಟ. ಮೊದಲೇ ಎಲ್ಲೆಲ್ಲೋ ತಿರುಗಿ ಬಂದ ಹಳೇ ಪೆಟ್ಟಿಗೆ. ಮೋಟಾರು ಸತ್ತಮೇಲೆ ಲಾರಿಗೆ ಹೇರುವ ಕೂಲಿಗೂ ಬಾಳುವುದಿಲ್ಲ, ಇಟ್ಟುಕೊಳ್ಳಿ ಎಂದು ಹೇಳಿ ಹೋದ.

ಸಂಜೆ ಕೆಂಪಾಜಮ್ಮ ನನ್ನ ಅಂಗಡಿಗೆ ಬಂದು ಚೀಲ ಚಾಚಿದಳು. ನಾನು ಮೈದಾ ತೂಗಿದೆ. ಆಮೇಲೆ ಒಂದು ಮಾತು ಹೇಳಿದೆ. "ಕೆಂಪಾಜಮ್ಮ, ಆ ಪೆಟ್ಟಿಗೆ ಚಳಿ ಹೊರಗೆ ಬಿಡ್ತಿರಲಿಲ್ಲ. ಕಾವನ್ನೂ ಹೊರಗೆ ಬಿಡಲ್ಲ. ಹಿಟ್ಟು ಅದರಲ್ಲಿಟ್ಟು ನೋಡು." ಹುಣಸೂರಿನ ಚಳಿಗೆ ಹಿಟ್ಟು ಉಬ್ಬದೆ ತಾನೇ ಅವಳು ಕತ್ತಲಲ್ಲಿ ಎದ್ದು ಮತ್ತೊಮ್ಮೆ ನಾದಬೇಕಾಗಿದ್ದದ್ದು?

ಅವಳು ಸಂಜೆ ಒಂದೇ ಸಲ ನಾದಿ, ಒಂದು ಚೊಂಬು ಬಿಸಿನೀರಿನ ಜೊತೆ ಹಿಟ್ಟನ್ನು ಒಳಗಿಟ್ಟು, ಮುಚ್ಚಿದಳು.

"ಲೋ, ಇದರ ಬಾಗಿಲು ತೆಗೆದ್ರೆ ಕಾವು ಹೋಗ್ತದೆ. ಯಾರು ಬಂದ್ರೂ ತೆಗೆಯೋಕೆ ಬಿಡ್ಬೇಡ."

"ಹೂಂ ಕಣವ್ವ, ಹಂಗೇ ಮಾಡ್ತೀನಿ."

ಬೆಳಗಾಯಿತು. ಎಷ್ಟೋ ವರ್ಷದ ಮೇಲೆ ಬಿಸಿಲು ಕಂಡು ಎದ್ದ ಕೆಂಪಾಜಮ್ಮ ಬಂದು ನೋಡುತ್ತಾಳೆ, ಮಗ ಮುಚ್ಚಳದ ಮೇಲೆ ಚಕ್ಕಂಬಕ್ಕಳ ಹಾಕಿ ಕೂತಿದ್ದಾನೆ.

"ಏಳೋ, ಹಿಟ್ಟು ತೆಗೀಬೇಕು."

"ಆಗಾಕಿಲ್ಲ."

"ಯಾಕೋ?"

"ಯಾರು ಬಂದ್ರೂ ಬಿಡ್ಬೇಡ ಅಂತ ನಮ್ಮವ್ವ ಹೇಳವ್ಳೆ."

"ನಾನೇ ಕಣೋ ನಿಮ್ಮವ್ವ!"

"ಅದು ಗೊತ್ತು ಬುಡು. ಆದ್ರೂ ನಮ್ಮವ್ವನ್ನ ಒಂದ್ಮಾತು ಕೇಳ್ಕಂಡು ಬಾ."

ಹಿಟ್ಟು ಮಾತ್ರ ಯಾರನ್ನೂ ಕೇಳದೆ, ಉಬ್ಬಿ ಉಬ್ಬಿ ಮುಚ್ಚಳದ ಅಂಚಿನಿಂದ ಹೊರಗೆ ಇಣುಕುತ್ತಿತ್ತು. ಜವರಪ್ಪನವರು, ಗುಮಾಸ್ತರು, ನಾನು, ಎಲ್ಲರೂ ಸೇರಿ ಅವನನ್ನು ಕೆಳಗಿಳಿಸುವಷ್ಟರಲ್ಲಿ ಮಡಿಕೇರಿ ಬಸ್ಸು ಬಂದು, ನಿಂತು, ಹೋಗಿಯೂ ಆಗಿತ್ತು. ಆವತ್ತು ನಕ್ಕ ಹಾಗೆ ಆ ಬೀದಿಯಲ್ಲಿ ಆಮೇಲೆ ಯಾರೂ ನಕ್ಕಿದ್ದು ನನಗೆ ನೆನಪಿಲ್ಲ.

ಒಟ್ಟು ಲೆಕ್ಕ ಹೇಳುತ್ತೇನೆ. ಕಂಪನಿಯ ವ್ಯವಹಾರ ಹೋಯಿತು. ಕೆಂಪಾಜಮ್ಮನಿಗೆ ಅರ್ಧ ಹೆಗಲು ಮತ್ತು ಇಡೀ ಬೆಳಗಿನ ನಿದ್ದೆ ಬಂತು. ನನಗೆ ಮೈದಾ ಗಿರಾಕಿ ಉಳಿಯಿತು. ಸಣ್ಣಸ್ವಾಮಿಗೆ ಕೂರಲು ಜಾಗ ಸಿಕ್ಕಿತು.